ಊರ ಪರವಾಗಿ ಕೊಟ್ಟ ಹೆಸರು

ನಿಂಬೆಕಾಯಿ ಉಪ್ಪಿನಕಾಯಿ ತುಂಬಿ ಜಾಡಿಯ ಬಾಯಿಗೆ ಬಟ್ಟೆ ಕಟ್ಟುತ್ತಿದ್ದೆ. ಹಳೇ ಸೀರೆಯಿಂದ ಉದ್ದಕ್ಕೆ ಹರಿದ ಪಟ್ಟಿ. ನೋಡಿದರೆ, ಕೈ ತಾನಾಗಿಯೇ ಪ್ರತಿ ಸುತ್ತಿಗೂ ಬಟ್ಟೆಯನ್ನು ಒಮ್ಮೆ ತಿರುವಿ ಮಡಿಸುತ್ತಿದೆ! ಜಾಡಿಗೆ ಯಾರೂ ಹೀಗೆ ಕಟ್ಟುವುದಿಲ್ಲ. ಕಾಲಿಗೆ ಕಟ್ಟುತ್ತಾರೆ. ನಮ್ಮಣ್ಣ ಈರಣ್ಣ ಕಟ್ಟುತ್ತಿದ್ದ.

ಮಹಾರಾಜರ ಕಾಲದ ಪೊಲೀಸರು ಮೊಣಕಾಲಿನವರೆಗೆ ಖಾಕಿ ಪಟ್ಟಿ ಸುತ್ತಿಕೊಳ್ಳುತ್ತಿದ್ದದ್ದು ನಿಮಗೂ ನೆನಪಿರಬಹುದು. ಶಿರಾ ಸಂತೆಯಲ್ಲಿ ಅದನ್ನು ಕಂಡಂದಿನಿಂದ ಅಣ್ಣನಿಗೆ ಬೇರೆ ಧ್ಯಾನವಿಲ್ಲ. ಬುಕ್ಕಾಪಟ್ಟಣದಾಚೆಯ ನಮ್ಮ ಹಳ್ಳಿಯಲ್ಲಿ, ಅವ್ವನ ಸೀರೆ ಹರಿದು, ಜಗಲಿಯ ಮೇಲೆ ಕೂತು ಸುತ್ತುವುದು, ಬಿಚ್ಚುವುದು. ಸಡಿಲವಾದರೆ ಜಾರುತ್ತದೆ, ಬಿಗಿಯಾದರೆ ಜೋಮು ಹಿಡಿಯುತ್ತದೆ. ಅಭ್ಯಾಸಕ್ಕೆ ನನ್ನ ಕಾಲೂ ಬೇಕು. ನಾನು ಕೊಕ್ಕರೆಯ ಹಾಗೆ ನಿಂತಿರಬೇಕು.

"ಸುಮ್ನೆ ನಿಂತ್ಕಳೇ. ಪೇರೇಡಿನಾಗೆ ಇಂಗೆ ಕುಣುದ್ರೆ ಕೆಲ್ಸದಿಂದ ತೆಗ್ದಾಕ್ತಾರೆ."

"ಕೊಟ್ಮ್ಯಾಲೆ ತಾನೇ ತೆಗಿಯಾದು?" ಎಂದರೆ ತಲೆಗೊಂದು ಮೊಟಕು.

ನಮ್ಮೂರಿನ ಪದ್ಧತಿಯೊಂದನ್ನು ಇಲ್ಲಿ ಹೇಳದಿದ್ದರೆ ಮುಂದಿನದು ಅರ್ಥವಾಗುವುದಿಲ್ಲ. ಯುಗಾದಿಯ ಮಾರನೇ ದಿನ ಗಂಡಸರೆಲ್ಲ ಬಲೆ, ದೊಣ್ಣೆ ಹಿಡಿದು ಮೊಲದ ಬೇಟೆಗೆ ಹೊರಡುತ್ತಿದ್ದರು. ಕಾಡು ಸರ್ಕಾರದ್ದಾದ ಮೇಲೂ ಅದು ನಿಲ್ಲಲಿಲ್ಲ. ಗಾರ್ಡು ಹಿಡಿದರೆ ಊರ ಪರವಾಗಿ ಮದುವೆಯಾಗದವನೊಬ್ಬ ಹೆಸರು ಕೊಡಬೇಕು. ಕೇಸು ಅವನದು, ದಂಡ ಊರೊಟ್ಟಿನದು, ಮುಂದಿನ ಹಬ್ಬದೂಟದಲ್ಲಿ ಮೊದಲ ಎಲೆ ಅವನಿಗೆ. ಒಂದು ವರ್ಷ ಅಣ್ಣ ಕೊಟ್ಟ. ಆ ದಿನ ಅವನು ಜ್ವರ ಬಂದು ಮನೆಯಲ್ಲಿ ಮಲಗಿದ್ದನೆಂದರೆ ನೀವು ನಗುತ್ತೀರಿ. ನಾವೂ ನಕ್ಕಿದ್ದೆವು.

ಆಮೇಲೆ ತುಮಕೂರಿನಲ್ಲಿ ಪೊಲೀಸ್ ಕೆಲಸಕ್ಕೆಂದು ಅವನ ಎದೆ ಅಳೆದರು, ಓಡಿಸಿದರು, ಆರಿಸಿದರು. ಊರಲ್ಲಿ ನಡತೆ ವಿಚಾರಿಸುವುದೊಂದು ಬಾಕಿ. ದಫೇದಾರರು ಬಂದು ಪಟೇಲರ ಜಗಲಿಯಲ್ಲಿ ಕೂತರು. ಮಜ್ಜಿಗೆ ಕೊಂಡೊಯ್ದವಳು ನಾನೇ.

"ಹುಡುಗ ಹೆಂಗೆ, ಪಟೇಲ್ರೇ?"

"ಚಿನ್ನದಂತೋನು ಸ್ವಾಮಿ! ಊರಿನ ಕೇಸ ಒಬ್ನೇ ಹೊತ್ಕಂಡೋನು. ಕೋರ್ಟಿನಾಗೆ ನಾನೇ ಅಂತ ಒಪ್ಕಂಡ. ಇನ್ನೊಬ್ರ ಹೆಸ್ರು ಬಾಯಿ ಬುಟ್ಟಿದ್ರೆ ಕೇಳಿ!"

ದಫೇದಾರರು ಲೋಟ ಕೆಳಗಿಟ್ಟರು. "ಕೇಸೈತಾ? ಶಿಕ್ಷೆ ಆಗೈತಾ?"

"ಆಗೈತೆ ಸ್ವಾಮಿ, ಆಗೈತೆ!" ಎಂದರು ಪಟೇಲರು, ಇನ್ನಷ್ಟು ಹಿಗ್ಗಿ. ಅದಕ್ಕಿಂತ ದೊಡ್ಡ ಹೊಗಳಿಕೆ ಅವರಿಗೆ ಗೊತ್ತಿರಲಿಲ್ಲ.

ಅಪ್ಪ ಶಿರಾಕ್ಕೆ ನಡೆದು ಹೋಗಿ ಸಾಹೇಬರ ಮುಂದೆ ಕೈಮುಗಿದು ನಿಂತರು. "ಮಾಡದೇ ಇದ್ದವನು ಒಪ್ಪಿಕೊಂಡಿದ್ದು ಯಾಕೆ?" ಎಂದು ಸಾಹೇಬರು ಕೇಳಿದರಂತೆ. ಆ ಪ್ರಶ್ನೆಗೆ ನಮ್ಮೂರಿನಲ್ಲಿ ಉತ್ತರವಿತ್ತು, ಕಚೇರಿಯಲ್ಲಿ ಇರಲಿಲ್ಲ.

ಕೆಲಸ ತಪ್ಪಿತು. ಇಷ್ಟಕ್ಕೇ ಮುಗಿದಿದ್ದರೂ ಆಗುತ್ತಿತ್ತು. ಮುಂದಿನ ಯುಗಾದಿಗೆ ಮತ್ತೆ ಗಾರ್ಡು ಹಿಡಿದ. ಊರಿನ ಹಿರಿಯರು ನಮ್ಮ ಬಾಗಿಲಿಗೆ ಬಂದರು. "ನಿಂಗೆ ಹೆಂಗೂ ಕೇಸಾಗೈತಲ್ಲೋ ಈರ. ಇನ್ನೊಂದು ಹುಡುಗನ್ನ ಯಾಕೆ ಕೆಡಸಾದು?" ನ್ಯಾಯವಾದ ಮಾತೇ.

"ಬರ್ಕಳ್ಳಿ ಬುಡಿ," ಎಂದ ಅಣ್ಣ.

ಆಮೇಲೆ ಪ್ರತಿ ವರ್ಷವೂ ಅವನೇ. ಕೇಸು ಹೆಚ್ಚಿದ ಹಾಗೆ, ಯಾವ ಊರಲ್ಲಿ ಕುರಿ ಕಳುವಾದರೂ ಪೊಲೀಸರು ಮೊದಲು ನಮ್ಮ ಮನೆಗೇ ಬರತೊಡಗಿದರು. ಕೊನೆಯ ಸಲ ಬಂದವನು ಹೊಸ ಕಾನ್‌ಸ್ಟೇಬಲ್ಲು, ಮೀಸೆ ಚಿಗುರುತ್ತಿದ್ದವನು. ಅವನ ಕಾಲಿನ ಪಟ್ಟಿ ಜಾರಿ ಮಣ್ಣಲ್ಲಿ ಎಳೆಯುತ್ತಿತ್ತು. ಅಣ್ಣ ಕುಕ್ಕರುಗಾಲಲ್ಲಿ ಕೂತು, ಪೂರ್ತಿ ಬಿಚ್ಚಿ, ಮೊದಲಿಂದ ಸುತ್ತಿಕೊಟ್ಟ. "ಇಂಗೆ ಒಂದೊಂದ್ ಸುತ್ತಿಗೂ ಮಡುಸ್ಬೇಕು ಕಣಪ್ಪ. ಓಡುವಾಗ ಬಿಚ್ಚಲ್ಲ." ಎದ್ದು ಕೈ ಎರಡೂ ಮುಂದೆ ಚಾಚಿದ. ಮಧುಗಿರಿಯ ಜೈಲಿನಿಂದ ಅವನು ಬರಲಿಲ್ಲ. ಭೇದಿಯಾಗಿ ಹೋದನೆಂದು ಸುದ್ದಿ ಬಂತು.

ಇಷ್ಟು ವರ್ಷ ಒಲೆಯ ಮುಂದೆ ಕೂತು ಪಟೇಲರನ್ನು ಬೈದುಕೊಂಡು ಬದುಕಿದೆ. ಬೈಯಲೊಬ್ಬರಿದ್ದರೆ ಎಷ್ಟೋ ವಾಸಿ. ಇವತ್ತು ಹುಡುಕಿದರೆ ಯಾರೂ ಸಿಗಲಿಲ್ಲ. ಎಲ್ಲರೂ ಅವನನ್ನು ಒಳ್ಳೆಯವನೆಂದೇ ಅಂದಿದ್ದರು.

ಸೊಸೆ ಬಂದು ಜಾಡಿ ನೋಡಿ, "ಎಷ್ಟು ಚೆಂದ ಕಟ್ಟಿದೀರತ್ತೆ!" ಎಂದಳು.

"ಬಿಚ್ಚಿಬಿಡಮ್ಮ," ಎಂದೆ.

ಎಷ್ಟು ಎಳೆದರೂ ಅವಳಿಂದ ಬಿಚ್ಚಲಾಗಲಿಲ್ಲ.