ಅತ್ತೆಯ ಕುಂಬಳಕಾಯಿ ಗೊಜ್ಜು, ನನ್ನ ನಾಲಿಗೆ

ಕೊರೊನಾ ಜ್ವರ ನಮ್ಮ ಮನೆಯಲ್ಲಿ ಮೂವರಿಗೂ ಬಂತು. ನನಗೂ ನನ್ನ ಗಂಡನಿಗೂ ವಾಸನೆ, ರುಚಿ ಎರಡೂ ಎರಡು ವಾರದಲ್ಲಿ ಮರಳಿ ಬಂದವು. ಅತ್ತೆಗೆ ಬರಲಿಲ್ಲ. ಮೊದಲ ತಿಂಗಳು ಅವರು ಅದನ್ನು ಯಾರಿಗೂ ಹೇಳಲೇ ಇಲ್ಲ. ಸಾರು ಹೇಗಿದೆ ಎಂದು ಕೇಳಿದರೆ ತಲೆಯಾಡಿಸುತ್ತಿದ್ದರು. ಅವರ ಸ್ವಭಾವ ಬಲ್ಲವರಿಗೆ ಆ ತಲೆಯಾಡಿಸುವಿಕೆಯಲ್ಲೇ ಏನೋ ಎಡವಟ್ಟಾಗಿದೆ ಎಂದು ಗೊತ್ತಾಗಬೇಕಿತ್ತು. ಏಕೆಂದರೆ ನಾನು ಅಪರೂಪಕ್ಕೆ ಮಾಡಿದ ಸಾರಿಗೆ ಅವರು ಅಲ್ಲಿಯವರೆಗೆ ಸುಮ್ಮನೆ ತಲೆಯಾಡಿಸಿದ್ದೇ ಇರಲಿಲ್ಲ.

ನಮ್ಮದು ಮೂಡಿಗೆರೆ ಪೇಟೆಯಲ್ಲಿ ಅಂಗಡಿ. ಟಾರ್ಪಾಲು, ನೈಲಾನ್ ಹಗ್ಗ, ಕಾಫಿ ಕೊಯ್ಲಿಗೆ ಸೊಂಟಕ್ಕೆ ಕಟ್ಟಿಕೊಳ್ಳುವ ಚೀಲ, ಗಂಬೂಟು ಇವೇ ವ್ಯಾಪಾರ. ಮುಂದೆ ಅಂಗಡಿ, ಹಿಂದೆ ಮನೆ, ನಡುವೆ ಒಂದು ಬಾಗಿಲು. ನಾನು ಕಡೂರಿನ ಕಡೆಯವಳು. ಮದುವೆಯಾಗಿ ಬಂದಾಗಿನಿಂದ ಹೆಚ್ಚು ಹೊತ್ತು ಅಂಗಡಿಯಲ್ಲೇ ಕೂರುತ್ತಿದ್ದೆ. ಅಡುಗೆಮನೆ ಅತ್ತೆಯದು. ಅವರು ಅಂಗಡಿಯಲ್ಲಿ ಗಿರಾಕಿಗೆ ಹಗ್ಗ ಅಳೆದು ಕೊಡುತ್ತಿದ್ದವರು ಇದ್ದಕ್ಕಿದ್ದಂತೆ ನಿಲ್ಲಿಸಿ, "ಬೇಳೆ ತಳ ಹಿಡೀತಿದೆ, ಹೋಗಿ ಆರಿಸು" ಎನ್ನುತ್ತಿದ್ದರು. ನಾನು ಓಡಿ ಹೋಗಿ ನೋಡಿದರೆ ತಳ ಆಗಷ್ಟೇ ಹಿಡಿಯಲು ಶುರುವಾಗಿರುತ್ತಿತ್ತು. ಅಷ್ಟು ಚುರುಕು ಮೂಗು ಅದು.

ಆ ಮೂಗಿಗೆ ಏನಾಗಿದೆ ಎಂದು ನಮಗೆ ತಿಳಿದದ್ದು ಹಾಲಿನಿಂದ. ಒಂದು ಬೆಳಿಗ್ಗೆ ನಾನು ಸ್ನಾನ ಮುಗಿಸಿ ಬಂದಾಗ ಅಡುಗೆಮನೆಯ ತುಂಬ ಸೀದ ವಾಸನೆ. ಹಾಲು ಉಕ್ಕಿ, ಬತ್ತಿ, ಪಾತ್ರೆ ಕರಕಲಾಗಿತ್ತು. ಅತ್ತೆ ಒಲೆಗೆ ಬೆನ್ನು ಮಾಡಿ, ಮೂರೇ ಅಡಿ ದೂರದಲ್ಲಿ, ಮಣೆಯ ಮೇಲೆ ಕೂತು ಬೆಳ್ಳುಳ್ಳಿ ಸುಲಿಯುತ್ತಿದ್ದರು. ನಾನು ಗ್ಯಾಸ್ ಆರಿಸಿದ ಮೇಲೆಯೇ ತಿರುಗಿ ನೋಡಿದರು. ಪಾತ್ರೆಯನ್ನೂ ನನ್ನನ್ನೂ ನೋಡಿ, ಕೈಯಲ್ಲಿದ್ದ ಬೆಳ್ಳುಳ್ಳಿಯನ್ನು ಮೂಗಿನ ಹತ್ತಿರ ಹಿಡಿದುಕೊಂಡರು. ತುಂಬ ಹೊತ್ತು ಹಿಡಿದುಕೊಂಡೇ ಇದ್ದರು.

"ಇನ್ನು ಒಲೆ ಹತ್ರ ನಾನು ಬರೋದು ಬೇಡ ಬಿಡು. ಮನೆ ಸುಟ್ಟೀತು" ಎಂದರು.

ಅಂದಿನಿಂದ ಅಡುಗೆ ನನ್ನ ಪಾಲಿಗೆ ಬಂತು, ಅಂಗಡಿ ಅವರ ಪಾಲಿಗೆ ಹೋಯಿತು. ನಾನು ಏನು ಬಡಿಸಿದರೂ ಮಾತ್ರೆ ನುಂಗುವ ಹಾಗೆ ನುಂಗಿ ಏಳುತ್ತಿದ್ದರು. ನನ್ನ ಅಡುಗೆಯನ್ನು ಬೈಯುವವರಿಲ್ಲ ಎಂದು ಮೊದಮೊದಲು ಹಾಯೆನಿಸಿದ್ದು ಸುಳ್ಳಲ್ಲ. ಆಮೇಲಾಮೇಲೆ ಆ ಮೌನ ನನಗೇ ಭಾರವಾಯಿತು. ಅವರು ತೂಕವನ್ನೂ ಕಳೆದುಕೊಂಡರು. ರವಿಕೆಗಳನ್ನೆಲ್ಲ ಒಳಗೆ ಹಿಡಿಸಿ ಹೊಲಿಸಬೇಕಾಯಿತು.

ಅವರು ಮತ್ತೆ ಒಲೆಯ ಮುಂದೆ ನಿಂತದ್ದು ನಮ್ಮ ಮಾತಿಗೆ ಅಲ್ಲ. ರಸ್ತೆಯಾಚೆ ಜೀಪು ರಿಪೇರಿ ಗ್ಯಾರೇಜಿದೆ. ಆ ಮೆಕ್ಯಾನಿಕ್ಕಿನ ತಾಯಿಯೂ ಅತ್ತೆಯೂ ಮೂವತ್ತು ವರ್ಷದ ಸ್ನೇಹಿತೆಯರು. ಆಕೆ ಹಿರಿಯರು, ಅತ್ತೆಯನ್ನು ತಂಗಿ ಎನ್ನುತ್ತಾರೆ, ಅತ್ತೆ ಅವರನ್ನು ಅಕ್ಕ ಎನ್ನುತ್ತಾರೆ. ಆ ವರ್ಷ ಅಕ್ಕ ಬಚ್ಚಲಲ್ಲಿ ಜಾರಿ ಬಿದ್ದು ಸೊಂಟದ ಮೂಳೆ ಮುರಿದುಕೊಂಡರು. ಆಪರೇಷನ್ ಆಗಿ ಮನೆಗೆ ಬಂದರು. ಬಾಯಲ್ಲಿ ನಾಲ್ಕೋ ಐದೋ ಹಲ್ಲು. ಊಟವೇ ಸೇರುತ್ತಿರಲಿಲ್ಲ. ನಾವಿಬ್ಬರೂ ನೋಡಲು ಹೋದಾಗ ಅವರು ಅತ್ತೆಯ ಕೈ ಹಿಡಿದುಕೊಂಡು ಹೇಳಿದರು.

"ಗಂಜಿ ಕುಡಿದು ಕುಡಿದು ಬಾಯಿ ಸತ್ತುಹೋಗಿದೆ ತಂಗಿ. ನೀನು ಕುಂಬಳಕಾಯಿ ಗೊಜ್ಜು ಮಾಡ್ತಿದ್ದೆ ನೋಡು, ಅದು ತಿನ್ಬೇಕು ಅನ್ನಿಸ್ತಿದೆ."

"ನಂಗೀಗ ರುಚೀನೂ ಗೊತ್ತಾಗಲ್ಲ, ವಾಸ್ನೇನೂ ಗೊತ್ತಾಗಲ್ಲ ಅಕ್ಕ. ಸೊಸೆ ಮಾಡ್ತಾಳೆ."

"ಸೊಸೆ ಮಾಡಿದ್ದು ಸೊಸೇದಾಗುತ್ತೆ. ನಾನು ಕೇಳಿದ್ದು ನಿಂದು. ತಿನ್ನೋದು ನಾನು, ನಿಂಗ್ಯಾಕೆ ರುಚಿ?"

ಅತ್ತೆ ಎದ್ದು ಹೊರಟರು. ರಸ್ತೆ ದಾಟಿ ಮನೆಗೆ ಬಂದವರು ಚಪ್ಪಲಿ ಬಿಟ್ಟು ನೇರ ಉಗ್ರಾಣಕ್ಕೆ ಹೋದರು. ಅಟ್ಟದ ಕೆಳಗೆ ಸಾಲಾಗಿ ಇಟ್ಟಿದ್ದ ಸಿಹಿಗುಂಬಳಗಳನ್ನು ಒಂದೊಂದಾಗಿ ಬೆರಳ ಗೆಣ್ಣಿನಿಂದ ತಟ್ಟಿದರು. ಒಂದನ್ನು ಎತ್ತಿ ಕೈಯಲ್ಲಿ ತೂಗಿ, ತೊಟ್ಟನ್ನು ಉಗುರಿನಿಂದ ಕೆರೆದು ನೋಡಿ ನನಗೆ ಕೊಟ್ಟರು. "ತೊಟ್ಟು ಕಟ್ಟಿಗೆ ಹಾಗೆ ಒಣಗಿರ್ಬೇಕು. ತಟ್ಟಿದ್ರೆ ಒಳಗೆ ಖಾಲಿ ಇದ್ದ ಹಾಗೆ ಕೇಳ್ಬೇಕು. ಆದ್ರೂ ಎತ್ತಿದ್ರೆ ಭಾರ ಇರ್ಬೇಕು" ಎಂದರು. ಇಷ್ಟು ವರ್ಷ ಒಂದೇ ಮನೆಯಲ್ಲಿದ್ದರೂ ಅವರು ನನಗೆ ಅಡುಗೆಯ ವಿಷಯ ಹೀಗೆ ಬಿಡಿಸಿ ಹೇಳಿದ್ದು ಅದೇ ಮೊದಲು. ತಮಗೆ ತಾವೇ ಹೇಳಿಕೊಳ್ಳುತ್ತಿದ್ದರೋ ಏನೋ.

ಗೊಜ್ಜು ಎಂದರೆ ದೊಡ್ಡ ಅಡುಗೆಯೇನಲ್ಲ. ಕುಂಬಳಕಾಯಿಯ ಸಿಪ್ಪೆ ದಪ್ಪಕ್ಕೆ ತೆಗೆದು, ತಿರುಳನ್ನು ಹೋಳು ಮಾಡಿ, ಮುಳುಗದಷ್ಟು ನೀರಿಟ್ಟು, ಅರಿಶಿನ ಹಾಕಿ ಬೇಯಿಸುವುದು. ಬೆಂದ ಮೇಲೆ ಉಪ್ಪು, ನೆಲ್ಲಿಕಾಯಿ ಗಾತ್ರದ ಹುಣಸೆಹಣ್ಣಿನ ರಸ, ಒಂದು ಚೂರು ಬೆಲ್ಲ, ಜಜ್ಜಿದ ಸೂಜಿಮೆಣಸು. ಎಲ್ಲ ಸೇರಿಸಿ ಕಡೆಗೋಲಿನಿಂದ ಮಸೆದು, ಸಾಸಿವೆ ಕರಿಬೇವಿನ ಒಗ್ಗರಣೆ ಕೊಟ್ಟರೆ ಮುಗಿಯಿತು. ಅಕ್ಕಿರೊಟ್ಟಿಗೂ ಆಗುತ್ತದೆ, ಅನ್ನಕ್ಕೂ ಆಗುತ್ತದೆ. ಯಾರು ಬೇಕಾದರೂ ಮಾಡಬಹುದು. ಆದರೆ ಮೂಗು ನಾಲಿಗೆ ಎರಡೂ ಇಲ್ಲದವರು ಅದನ್ನು ಮಾಡುವುದನ್ನು ನಾನು ಅಂದು ಪಕ್ಕದಲ್ಲಿ ನಿಂತು ನೋಡಿದೆ.

ಅವರು ಪಾತ್ರೆಗೆ ಮುಚ್ಚಳ ಮುಚ್ಚಿ ಅದರ ಕಡೆ ಕಿವಿ ವಾಲಿಸಿ ನಿಂತರು. ನೀರು ಹೆಚ್ಚಿರುವಾಗ ಗಳಗಳ ಸದ್ದು. ಕಡಿಮೆಯಾದಂತೆ ಸದ್ದು ದಪ್ಪವಾಗಿ, ನಿಧಾನವಾಗಿ, ಕೊನೆಗೆ ಪೊಚ್ ಪೊಚ್ ಎನ್ನುತ್ತದೆ. ಅದಾದ ಮೇಲೆ ಒಂದು ಸಣ್ಣ ಚಿರ್ ಸದ್ದು ಬಂದರೆ ತಳ ಹಿಡಿಯಲು ಹೊರಟಿದೆ ಎಂದರ್ಥ. ಆ ಚಿರ್ ಬರುವ ಮೊದಲೇ ಅವರು ಉರಿ ತಗ್ಗಿಸಿದರು. ಮಸೆಯುವಾಗ ಕಣ್ಣು ಮುಚ್ಚಿಕೊಂಡರು. ಗಂಟು ಇನ್ನೂ ಎಲ್ಲಿದೆ ಎಂದು ಕಡೆಗೋಲು ಹಿಡಿದ ಕೈಗೇ ಗೊತ್ತಾಗುತ್ತಿತ್ತು. ಬೆಲ್ಲ ಸಾಕೋ ಎಂದು ತಿಳಿಯಲು ಒಂದು ಹನಿಯನ್ನು ಬೆರಳುಗಳ ನಡುವೆ ಹಿಡಿದು ಒತ್ತಿ ಬಿಟ್ಟು ಅಂಟು ನೋಡಿದರು. ಒಗ್ಗರಣೆಯಲ್ಲಿ ಸಾಸಿವೆ ಸಿಡಿಯುವುದನ್ನು ಕೇಳುತ್ತ, ಸದ್ದು ವಿರಳವಾದ ಕ್ಷಣಕ್ಕೆ ಸರಿಯಾಗಿ ಕರಿಬೇವು ಹಾಕಿದರು. ನನಗೆ ವಾಸನೆಯಿಂದ ತಿಳಿಯುತ್ತಿದ್ದುದೆಲ್ಲ ಅವರಿಗೆ ಸದ್ದಿನಿಂದಲೂ ಬೆರಳಿನಿಂದಲೂ ತಿಳಿಯುತ್ತಿತ್ತು.

ಉಪ್ಪೊಂದಕ್ಕೆ ಮಾತ್ರ ಅವರಲ್ಲಿ ಉಪಾಯವಿರಲಿಲ್ಲ. ನನ್ನ ಅಂಗೈಗೆ ಒಂದಿಷ್ಟು ಗೊಜ್ಜು ಹಾಕಿ, "ನೋಡಿ ಹೇಳು" ಎಂದರು.

"ಚೆನ್ನಾಗಿದೆ ಅತ್ತೆ."

"ಚೆನ್ನಾಗಿದೆ ಅಂದ್ರೆ ನಂಗೇನು ತಿಳೀತು? ಮೊದ್ಲು ಯಾವ್ದು ಬಂತು ನಾಲಿಗೆಗೆ? ಹುಳಿನಾ, ಸಿಹಿನಾ? ಖಾರ ಗಂಟ್ಲಿಗೆ ಹೋದ್ಮೇಲೆ ಬಂತೋ, ತುಟೀಲೇ ಬಂತೋ?"

ನಾನು ಮತ್ತೊಮ್ಮೆ ನೆಕ್ಕಿ ಯೋಚಿಸಬೇಕಾಯಿತು. ಮೊದಲು ಸಿಹಿ, ಆಮೇಲೆ ಹುಳಿ, ಖಾರ ಕೊನೆಗೆ, ಉಪ್ಪು ಒಂದು ಚಿಟಿಕೆ ಕಡಿಮೆ ಎಂದೆ. ಅವರು ಚಿಟಿಕೆ ಹಾಕಿ ತಿರುವಿ ಮತ್ತೆ ಅಂಗೈಗೆ ಹಾಕಿದರು. ಮೂರನೆಯ ಸಲಕ್ಕೆ ಸರಿಯಾಯಿತು. ಅಕ್ಕ ಅಂದು ಬಟ್ಟಲು ಖಾಲಿ ಮಾಡಿದರಂತೆ. ಮರುದಿನವೂ ಬೇಕೆಂದು ಹೇಳಿಕಳಿಸಿದರು.

ಹೀಗೆ ದಿನಾ ಒಂದು ಸಣ್ಣ ಟಿಫಿನ್ ಡಬ್ಬಿ ರಸ್ತೆ ದಾಟತೊಡಗಿತು. ಅಕ್ಕನ ನೆಪದಲ್ಲಿ ನಮ್ಮ ಮನೆಯ ಅಡುಗೆಯೂ ಅತ್ತೆಯ ಕೈಗೆ ಹೋಯಿತು. ನಾನು ಪಕ್ಕದಲ್ಲಿ ನಿಂತು ನೆಕ್ಕಿ ಹೇಳುವವಳು. ನನಗೆ ಅಲ್ಲಿಯವರೆಗೆ ಉಪ್ಪು ಖಾರ ಬಿಟ್ಟು ಬೇರೆ ರುಚಿ ಗೊತ್ತಿರಲಿಲ್ಲ ಎಂದರೂ ಸರಿಯೇ. ಅತ್ತೆಯ ಪ್ರಶ್ನೆಗಳಿಗೆ ಉತ್ತರ ಹುಡುಕುತ್ತ ಹುಡುಕುತ್ತ ಕುಂಬಳಕಾಯಿ ಗೊಜ್ಜಿನಲ್ಲೇ ಎರಡು ಬಗೆಯ ಸಿಹಿ ಇದೆ, ಬೆಲ್ಲದ್ದೇ ಬೇರೆ, ಕಾಯಿಯದೇ ಬೇರೆ ಎಂದು ಕಂಡುಕೊಂಡೆ.

ನಾನು ತಪ್ಪು ಮಾಡಿದ್ದು ಚಿಕ್ಕಮಗಳೂರಿಗೆ ಹೋಗಿಬಂದ ದಿನ. ಕಿವಿ ಮೂಗು ಗಂಟಲಿನ ಡಾಕ್ಟರು ಅತ್ತೆಯನ್ನು ಪರೀಕ್ಷೆ ಮಾಡಿ, ಇಷ್ಟು ದಿನವಾದ ಮೇಲೆ ವಾಸನೆ ಪೂರ್ತಿ ಮರಳುತ್ತದೆಂದು ಹೇಳಲಾರೆ, ರುಚಿ ಸ್ವಲ್ಪ ಸ್ವಲ್ಪ ಬರಬಹುದು ಎಂದರು. ಬಸ್ಸಿನಲ್ಲಿ ಬರುವಾಗ ಅತ್ತೆ ಕಿಟಕಿಯ ಕಡೆ ಮುಖ ಮಾಡಿ ಕೂತಿದ್ದರು. ಕಾಫಿ ಹೂ ಬಿಟ್ಟ ಸಮಯ. ಗುಡ್ಡವೆಲ್ಲ ಬೆಳ್ಳಗೆ. ಬಸ್ಸಿನೊಳಗೆಲ್ಲ ಮಲ್ಲಿಗೆಯಂಥ ಪರಿಮಳ. ಹಿಂದಿನ ಸೀಟಿನಲ್ಲಿ ಯಾರೋ, "ಎಂಥ ಪರಿಮಳ ಮಾರಾಯ" ಎಂದರು. ಅತ್ತೆ ಕೈ ಎತ್ತಿ ಗಾಜು ಎಳೆದುಬಿಟ್ಟರು.

ಮನೆಗೆ ಬಂದು ಸೀರೆಯನ್ನೂ ಬದಲಿಸದೆ ಅಕ್ಕನಿಗೆ ಗೊಜ್ಜು ಮಾಡಲು ನಿಂತರು. ಮನಸ್ಸು ಎಲ್ಲೋ ಇತ್ತು. ಬೇಯುವಾಗ ಒಮ್ಮೆ ಉಪ್ಪು ಹಾಕಿದವರು ಮಸೆಯುವಾಗ ಮತ್ತೆ ಹಾಕಿದರು. ನಾನು ಆಗ ಸರಕು ತರಲು ಹೋಗಿದ್ದ ಗಂಡನಿಗೆ ಫೋನಿನಲ್ಲಿ ಡಾಕ್ಟರು ಹೇಳಿದ್ದನ್ನು ಹೇಳುತ್ತಿದ್ದೆ, ಗಮನಿಸಲಿಲ್ಲ. ಅಂಗೈಗೆ ಹಾಕಿಸಿಕೊಂಡು ನೆಕ್ಕಿದರೆ ಬಾಯಿ ಕಹಿಯಾಗುವಷ್ಟು ಉಪ್ಪು. ಅವರ ಮುಖ ನೋಡಿದೆ. ಇವತ್ತೊಂದು ದಿನ ಹೇಳಲಾರೆ ಅನ್ನಿಸಿತು.

"ಸರಿಯಾಗಿದೆ ಅತ್ತೆ" ಎಂದೆ.

ದಾರಿಯಲ್ಲಿ ಏನಾದರೂ ಹೇಳಿ ಡಬ್ಬಿಯನ್ನು ನಾನೇ ತಡೆಯಬಹುದೆಂದುಕೊಂಡಿದ್ದೆ. ಅಷ್ಟರಲ್ಲಿ ಅಂಗಡಿಗೆ ಗಿರಾಕಿ ಬಂದರು. ಅತ್ತೆ ತಾವೇ ರಸ್ತೆ ದಾಟಿ ಕೊಟ್ಟುಬಂದರು. ಸ್ವಲ್ಪ ಹೊತ್ತಿಗೆ ಅಕ್ಕನ ಫೋನು ಬಂತು. ಅತ್ತೆ ಯಾವಾಗಲೂ ಸ್ಪೀಕರ್ ಹಾಕಿಯೇ ಮಾತಾಡುವವರು.

"ತಂಗಿ, ಇವತ್ತು ಮಂಗಳೂರು ಸಮುದ್ರಾನೇ ಡಬ್ಬೀಲಿ ಕಳಿಸಿದೀಯಲ್ಲ. ನಂಗೆ ಬಿಪಿ ಮಾತ್ರೆ ಇದೆ, ಗೊತ್ತಲ್ಲ? ಒಂದು ಚಮಚ ತಿಂದು ಇಟ್ಟಿದೀನಿ" ಎಂದು ಅಕ್ಕ ನಗುತ್ತಿದ್ದರು.

ಅತ್ತೆ ನಗಲಿಲ್ಲ. ಫೋನು ಇಟ್ಟು ನನ್ನ ಕಡೆ ತಿರುಗಿದರು.

"ನೀನು ರುಚಿ ನೋಡಿದ್ಯಲ್ಲ?"

"ನೋಡಿದೆ."

"ಗೊತ್ತಾಗಿತ್ತಾ?"

"ಗೊತ್ತಾಗಿತ್ತು ಅತ್ತೆ. ನೀವು ಬೇಜಾರಲ್ಲಿದ್ರಿ ಅಂತ..."

ಅವರು ಸ್ಟೂಲಿನ ಮೇಲೆ ಕೂತರು. ಧ್ವನಿ ಏರಿಸಲಿಲ್ಲ. "ಬೇಜಾರು ನಂದು, ಅದು ಇರುತ್ತೆ. ನೀನು ಹೇಳಿದ್ದನ್ನ ನಂಬ್ಕೊಂಡು ಅಲ್ವಾ ನಾನು ಒಲೆ ಮುಂದೆ ನಿಲ್ಲೋದು? ನಾಲಿಗೆನೇ ಸುಳ್ಳು ಹೇಳಿದ್ರೆ ನಾನು ಯಾರನ್ನ ಕೇಳ್ಲಿ ಮಗಾ?"

ನಾನು ಅಳುವ ಹೆಣ್ಣಲ್ಲ. ಅಂದು ಅತ್ತುಬಿಟ್ಟೆ. ಅವರು ಸಮಾಧಾನವನ್ನೂ ಮಾಡಲಿಲ್ಲ, ಮತ್ತೆ ಬೈಯಲೂ ಇಲ್ಲ. "ಹೋಗಿ ಡಬ್ಬಿ ತಗೊಂಡ್ ಬಾ" ಎಂದರು. ನಾನು ಹೋಗಿ ಅಕ್ಕನಿಗೆ ನಡೆದದ್ದನ್ನು ಹೇಳಿ ಡಬ್ಬಿ ತಂದೆ. ಅತ್ತೆ ಅಷ್ಟರಲ್ಲಿ ಉಳಿದ ಅರ್ಧ ಕುಂಬಳಕಾಯಿಯನ್ನು ಹೋಳು ಮಾಡಿ, ಉಪ್ಪಿಲ್ಲದೆ ಬೇಯಿಸಲು ಇಟ್ಟಿದ್ದರು. ಅದನ್ನು ಮಸೆದು, ಉಪ್ಪಾಗಿದ್ದ ಗೊಜ್ಜನ್ನು ಅದಕ್ಕೆ ಸ್ವಲ್ಪ ಸ್ವಲ್ಪವಾಗಿ ಸೇರಿಸುತ್ತ, ಪ್ರತಿ ಸಲ ನನ್ನ ಅಂಗೈಗೆ ಹಾಕುತ್ತ ಹೋದರು. ನಾನು ಪ್ರತಿ ಸಲ ಇದ್ದದ್ದನ್ನು ಇದ್ದ ಹಾಗೆ ಹೇಳಿದೆ. ಕೊನೆಗೆ ಎರಡು ಮನೆಗೆ ಎರಡು ದಿನಕ್ಕಾಗುವಷ್ಟು ಗೊಜ್ಜಾಯಿತು. ಅಕ್ಕ ತಿಂದು, ಇದು ಎಲ್ಲಕ್ಕಿಂತ ಚೆನ್ನಾಗಿದೆ ಎಂದರು. ಅವರು ಹಾಗೆ ಹೇಳಿದ್ದು ನಿಜವಿರಬಹುದು, ನಮ್ಮಿಬ್ಬರನ್ನೂ ನೋಡಿ ಹೇಳಿದ್ದೂ ಇರಬಹುದು.

ಆಮೇಲೆ ನಾನು ಅತ್ತೆಗೆ ಒಂದು ಸಲವೂ ಸುಳ್ಳು ಹೇಳಿಲ್ಲ. ಹೊಗೆ ವಾಸನೆ ಬಂದಿದೆ ಎಂದಿದ್ದೇನೆ, ಮೊಸರು ಹುಳಿಯಾಗಿದೆ, ಈ ಬೆಲ್ಲ ಕಲಬೆರಕೆ ಎಂದಿದ್ದೇನೆ. ನೆಂಟರ ಮುಂದೆಯೂ ಹೇಳಿದ್ದೇನೆ. ಹೊರಗಿನವರಿಗೆ ಸೊಸೆ ಅತ್ತೆಯನ್ನು ಹೀಗಳೆಯುತ್ತಿದ್ದಾಳೆ ಅನ್ನಿಸಿರಬಹುದು. ಅತ್ತೆ ಮಾತ್ರ ಪ್ರತಿ ಸಲವೂ ತಲೆಬಾಗಿಸಿ ಕೇಳಿಸಿಕೊಂಡು, ತಿದ್ದಿ, ಮತ್ತೆ ಅಂಗೈಗೆ ಹಾಕುತ್ತಿದ್ದರು. ಅರವತ್ತು ದಾಟಿದ ಮೇಲೆ, ಊರಲ್ಲೆಲ್ಲ ಕೈರುಚಿಗೆ ಹೆಸರಾದವರು, ಸೊಸೆಯ ಮಾತು ಕೇಳಿ ದಿನಾ ತಮ್ಮ ಅಡುಗೆ ತಿದ್ದಿಕೊಳ್ಳುವುದು ಸುಲಭವಲ್ಲ. ನನ್ನಿಂದ ಆಗುತ್ತಿರಲಿಲ್ಲ.

ಡಾಕ್ಟರು ಹೇಳಿದ ಹಾಗೆ ರುಚಿ ಸ್ವಲ್ಪ ಸ್ವಲ್ಪವಾಗಿ ಬಂತು. ಮೊದಲು ಹುಳಿ, ಆಮೇಲೆ ಉಪ್ಪು. ಉಪ್ಪು ಗೊತ್ತಾದ ದಿನ ಅವರು ಉಪ್ಪಿನಕಾಯಿ ರಸವನ್ನು ಚಮಚದಲ್ಲಿ ಕುಡಿದು ಕೂತಿದ್ದರು. ವಾಸನೆ ಇವತ್ತಿಗೂ ಬಂದಿಲ್ಲ. ನಡುವೆ ಕೆಲವು ತಿಂಗಳು ಕಾಫಿ ಮಾತ್ರ ಸುಟ್ಟ ಟೈರಿನ ಹಾಗೆ ಹೊಡೆಯುತ್ತದೆ ಎನ್ನುತ್ತಿದ್ದರು. ಈಗ ಅದೂ ಇಲ್ಲ. ಬಿಸಿಗೋಸ್ಕರ ಕುಡಿಯುತ್ತಾರೆ. ಅಕ್ಕ ವಾಕರ್ ಹಿಡಿದು ನಡೆಯುತ್ತಾರೆ, ಮಧ್ಯಾಹ್ನ ನಮ್ಮ ಅಂಗಡಿಯವರೆಗೂ ಬರುತ್ತಾರೆ. ನಾನು ಕೂಡ ಈಗ ಪೊಚ್ ಪೊಚ್ ಸದ್ದಿಗೇ ಉರಿ ತಗ್ಗಿಸುತ್ತೇನೆ.

ಕಳೆದ ತಿಂಗಳು ಇಬ್ಬರೂ ಸಂತೆಗೆ ಹೋಗಿದ್ದೆವು. ವಸ್ತಾರೆ ಕಡೆಯ ರೈತರೊಬ್ಬರು ನೆಲದ ಮೇಲೆ ಗೋಣಿ ಹಾಸಿ ಕುಂಬಳಕಾಯಿ ರಾಶಿ ಹಾಕಿದ್ದರು. ಅತ್ತೆ ಕುಕ್ಕರಗಾಲಲ್ಲಿ ಕೂತು ಒಂದೊಂದನ್ನೇ ತಟ್ಟಿ ಕೇಳುತ್ತಿದ್ದರು. ಪಕ್ಕದಲ್ಲಿ ನಿಂತಿದ್ದ ಗುರುತಿಲ್ಲದ ಹೆಂಗಸೊಬ್ಬರು ಸ್ವಲ್ಪ ಹೊತ್ತು ನೋಡಿ, ತಮ್ಮ ಕೈಯಲ್ಲಿದ್ದ ಕಾಯಿಯನ್ನು ಮುಂದೆ ಹಿಡಿದರು.

"ಅಮ್ಮಾ, ಇದು ಹೆಂಗಿದೆ ನೋಡಿ ಹೇಳ್ತೀರಾ?"

ಅತ್ತೆ ತಟ್ಟಿದರು, ತೂಗಿದರು, ತೊಟ್ಟು ಕೆರೆದರು. "ಇದು ಎಳಸು. ಪಲ್ಯಕ್ಕಾದ್ರೆ ಆದೀತು. ಗೊಜ್ಜಿಗೆ ಬೇಡ" ಎಂದು ರಾಶಿಯಿಂದ ಬೇರೆಯದನ್ನು ಆರಿಸಿ ಕೊಟ್ಟರು. ಅದನ್ನು ನೋಡಿ ಇನ್ನಿಬ್ಬರು ಬಂದು ನಿಂತರು. ನಾನು ಚೀಲ ಹಿಡಿದುಕೊಂಡು ಕಾದೆ. ಅವರಿಗೆಲ್ಲ ಆರಿಸಿ ಕೊಟ್ಟ ಮೇಲೆಯೇ ಅತ್ತೆ ನಮ್ಮ ಮನೆಗೊಂದು ಹುಡುಕಲು ಶುರುಮಾಡಿದರು.