ಪಕ್ಕದ ಸೀಟಿನ ಬ್ರೇಕ್

ಆ ಊರಿನ ಶಾಸಕಿಗೆ ಹೆತ್ತವರು ಇಟ್ಟ ಹೆಸರೊಂದಿದೆ. ಅದು ಚುನಾವಣೆ ಬಂದಾಗ ಮಾತ್ರ ಹೊರಗೆ ಬರುತ್ತದೆ. ಉಳಿದಂತೆ ಊರಿಗೆ ಊರೇ ಅವರನ್ನು ಕರೆಯುವುದು ಬ್ರೇಕಮ್ಮ ಎಂದು. ಬೆನ್ನ ಹಿಂದೆ ಅಲ್ಲ, ಎದುರಿಗೇ ಕರೆಯುತ್ತಾರೆ, ಅವರೂ ‘ಏನಪ್ಪಾ?’ ಎಂದು ತಿರುಗುತ್ತಾರೆ. ಹೆಸರು ಕೊಟ್ಟವರು ಅವರ ಶಿಷ್ಯರು. ಆ ಊರಿನಲ್ಲಿ ಸ್ಟಿಯರಿಂಗ್ ಹಿಡಿಯಬಲ್ಲವರಲ್ಲಿ ಮುಕ್ಕಾಲು ಪಾಲು ಜನ ಅವರ ಶಿಷ್ಯರೇ. ಶಾಸಕಿಯಾಗುವ ಮುನ್ನ ಬ್ರೇಕಮ್ಮ ಕಾರು ಓಡಿಸುವುದನ್ನು ಕಲಿಸುತ್ತಿದ್ದರು.

ಡ್ರೈವಿಂಗ್ ಸ್ಕೂಲ್ ಅವರ ಅಪ್ಪನದು. ಅಪ್ಪನನ್ನು ಊರು ಮೇಷ್ಟ್ರು ಎನ್ನುತ್ತದೆ. ಮುಖ್ಯರಸ್ತೆಯಿಂದ ಒಳಗೆ ತಿರುಗಿದರೆ ಸೈಕಲ್ ಅಂಗಡಿಯ ಪಕ್ಕದಲ್ಲೇ ಅವರ ಮುಂಗೋಣೆ. ಗೋಡೆಯ ತುಂಬ ರಸ್ತೆ ಚಿಹ್ನೆಗಳು. ನಡುವೆ ದೊಡ್ಡದೊಂದು ಮೇಜು, ಅದರ ಮೇಲೆ ಬಿಳಿ ಬಣ್ಣದಲ್ಲಿ ಎಳೆದ ರಸ್ತೆಗಳು, ರಸ್ತೆಗಳ ಮೇಲೆ ಆಟದ ಕಾರುಗಳು. ಹೊಸಬರು ಯಾರೇ ಆಗಿರಲಿ, ಮೊದಲು ಆ ಆಟದ ಕಾರುಗಳನ್ನೇ ಓಡಿಸಬೇಕು. ಬ್ಯಾಂಕಿನ ಮ್ಯಾನೇಜರು ಕೋಟು ಕಳಚಿಟ್ಟು, ಮೇಜಿನ ಮೇಲೆ ಬಗ್ಗಿ, ಬಾಯಲ್ಲೇ ಹಾರ್ನ್ ಹಾಕುತ್ತ ಬಲಕ್ಕೆ ತಿರುಗಿದ್ದನ್ನು ಕಣ್ಣಾರೆ ಕಂಡವರಿದ್ದಾರೆ. ಹಿಂದೆ ಅಂಗಳ, ತಗಡಿನ ಡ್ರಮ್ಮುಗಳ ನಡುವೆ ರಿವರ್ಸ್ ಕಲಿಯುವುದು ಅಲ್ಲಿ. ಮನೆ ಮಹಡಿಯ ಮೇಲೆ. ಬ್ರೇಕಮ್ಮನ ತಾಯಿ ಇದ್ದಷ್ಟು ಕಾಲ, ಅಡುಗೆಮನೆಯಲ್ಲಿ ನಿಂತೇ ಡ್ರಮ್ಮು ಉರುಳಿದ ಸದ್ದು ಕೇಳಿ, ‘ಪೋಸ್ಟ್‌ಮಾಸ್ಟರ್ ಬಂದ್ರು ಅಂತ ಕಾಣುತ್ತೆ’ ಎಂದು ಕಾಫಿಗೆ ಒಂದು ಲೋಟ ನೀರು ಹೆಚ್ಚಿಗೆ ಇಡುತ್ತಿದ್ದರು.

ಸ್ಕೂಲಿನ ಆಸ್ತಿ ಎಂದರೆ ಒಂದು ನೀಲಿ ಕಾರು. ಕಲಿಸುವ ಕಾರುಗಳಲ್ಲಿ ಇರುವಂತೆ ಅದರಲ್ಲೂ ಪಕ್ಕದ ಸೀಟಿನ ಮುಂದೆ ಇನ್ನೊಂದು ಬ್ರೇಕ್ ಇದೆ. ಕಲಿಯುವವರು ಗೋಡೆಗೋ ಗಾಡಿಗೋ ಹೋಗಿ ಗುದ್ದುವಂತಾದರೆ ಪಕ್ಕದಲ್ಲಿ ಕೂತ ಗುರುಗಳು ಅದನ್ನು ತುಳಿಯಬೇಕು. ಆದರೆ ಮೇಷ್ಟ್ರ ಪ್ರಕಾರ ಆ ಬ್ರೇಕ್ ಇರುವುದೇ ತುಳಿಯದೆ ಇರುವುದಕ್ಕೆ. ‘ನೀನು ತುಳಿದ್ರೆ ಕಾರು ನಿಲ್ಲುತ್ತೆ, ನಿಜ. ಕಲಿಯೋದೂ ಅಲ್ಲೇ ನಿಲ್ಲುತ್ತೆ’ ಎನ್ನುತ್ತಿದ್ದರು. ಶಿಷ್ಯರು ಲೈಸೆನ್ಸಿಗೆ ಸಿದ್ಧರೋ ಇಲ್ಲವೋ ಎಂದು ತೀರ್ಮಾನಿಸಲು ಆ ಸ್ಕೂಲಿನಲ್ಲಿ ಒಂದೇ ಕ್ರಮ. ಮಾರುಕಟ್ಟೆ, ಆಸ್ಪತ್ರೆ, ಬಸ್ ನಿಲ್ದಾಣ ಎಲ್ಲ ಸುತ್ತಿ ಬರಬೇಕು, ಪಕ್ಕದ ಬ್ರೇಕ್ ಒಂದು ಸಲವೂ ಬೀಳಬಾರದು. ಬಿತ್ತೋ, ಮತ್ತೆ ಆಟದ ಕಾರಿನಿಂದ ಶುರು.

ಬ್ರೇಕಮ್ಮ ಕಲಿತದ್ದು ಅಪ್ಪನ ಹತ್ತಿರವೇ. ಮೊದಲ ದಿನದಿಂದ ಕೊನೆಯ ದಿನದವರೆಗೆ ಅಪ್ಪ ಅವರಿಗೆ ಒಮ್ಮೆಯೂ ಬ್ರೇಕ್ ಹಾಕಲಿಲ್ಲ. ಸೈಕಲ್ ಅಂಗಡಿಯ ಬಾಗಿಲಿಗೆ ಹೋಗಿ ಗುದ್ದಿದ ದಿನವೂ ಹಾಕಲಿಲ್ಲ. ಈ ಮಾತನ್ನು ಅವರು ಹೇಳದ ಸಭೆಯಿಲ್ಲ. ‘ನನ್ನಪ್ಪ ನನ್ನನ್ನ ಅಷ್ಟು ನಂಬಿದ್ರು. ನಾನು ನಿಮ್ಮನ್ನ ಹಾಗೇ ನಂಬ್ತೀನಿ’ ಎಂದು ಭಾಷಣ ಮುಗಿಸಿದರೆ ಚಪ್ಪಾಳೆ ಬಿದ್ದೇ ಬೀಳುತ್ತದೆ. ಹಾಗೆ ಹೇಳುವಾಗ ಅವರ ಗಂಟಲು ಕಟ್ಟುತ್ತದೆ. ರಾಜಕೀಯದವರ ಗಂಟಲು ಕಟ್ಟಿದರೆ ನಂಬುವವರು ಯಾರು? ಆದರೆ ಇವರದು ಮಾತ್ರ ನಿಜವಾಗಿಯೂ ಕಟ್ಟುತ್ತದೆ.

ದುರದೃಷ್ಟಕ್ಕೆ ಅಪ್ಪನ ಕಾಲು ಮಗಳಿಗೆ ಬರಲಿಲ್ಲ. ಸ್ಕೂಲಿನ ಜವಾಬ್ದಾರಿ ಇವರ ಕೈಗೆ ಬಂದ ಮೇಲೆ ಪಕ್ಕದ ಬ್ರೇಕಿಗೆ ಬಿಡುವೇ ಇಲ್ಲದಂತಾಯಿತು. ನಾಯಿ ದೂರದಲ್ಲಿ ಬಾಲ ಆಡಿಸಿದರೂ ಬ್ರೇಕ್. ಮುಂದಿನ ಬಸ್ಸು ನಿಲ್ಲುವ ಯೋಚನೆ ಮಾಡಿದರೂ ಬ್ರೇಕ್. ಶಿಷ್ಯರು ತಿಂಗಳುಗಟ್ಟಲೆ ಕಲಿತರೂ ಮುಗಿಯುತ್ತಿರಲಿಲ್ಲ, ಪರೀಕ್ಷೆಯ ಸುತ್ತಿಗೆ ಮೇಷ್ಟ್ರೇ ಪಕ್ಕ ಕೂತು ಅವರನ್ನು ದಾಟಿಸಬೇಕಾಗುತ್ತಿತ್ತು. ಔಷಧಿ ಅಂಗಡಿಯವನೊಬ್ಬ ಕಲಿಯಲು ಬಂದು, ಕಲಿಯಲಾಗದೆ, ಕೊನೆಗೆ ಗುರುಗಳನ್ನೇ ಮದುವೆಯಾದ. ಆ ಮಹಾನುಭಾವರು ಇಂದಿಗೂ ಅಂಗಡಿಗೆ ನಡೆದೇ ಹೋಗುತ್ತಾರೆ. ‘ನಂಗೆ ಬಿ.ಪಿ. ಇಲ್ಲ, ಶುಗರ್ ಇಲ್ಲ. ಎಲ್ಲ ಇವಳ ದಯೆ’ ಎಂದು ಗಿರಾಕಿಗಳ ಮುಂದೆ ಹೇಳಿಕೊಳ್ಳುತ್ತಾರೆ.

ಬ್ರೇಕಮ್ಮನನ್ನು ರಾಜಕೀಯಕ್ಕೆ ಎಳೆದು ತಂದದ್ದೂ ಆ ಬ್ರೇಕೇ. ಆಸ್ಪತ್ರೆಯ ಮುಂದೆ ನಾಲ್ಕು ರಸ್ತೆ ಸೇರುವ ಕಡೆ ಸಿಗ್ನಲ್ ದೀಪ ಇರಲಿಲ್ಲ. ಒಂದು ದಿನ ದರ್ಜಿಯೊಬ್ಬರು ಕಲಿಯುತ್ತಿದ್ದಾಗ ಮಂತ್ರಿಯ ಕಾರುಗಳ ಸಾಲು ಸೈರನ್ ಹಾಕಿಕೊಂಡು ಬಂತು. ದರ್ಜಿ ಸ್ಟಿಯರಿಂಗ್ ಬಿಟ್ಟು ಕಿವಿ ಮುಚ್ಚಿಕೊಂಡರು. ಬ್ರೇಕಮ್ಮ ತುಳಿದ ತುಳಿತಕ್ಕೆ ನೀಲಿ ಕಾರು ನಡುರಸ್ತೆಯಲ್ಲಿ ಅಡ್ಡಡ್ಡ ನಿಂತಿತು, ನಿಂತದ್ದು ಮತ್ತೆ ಸ್ಟಾರ್ಟ್ ಆಗಲಿಲ್ಲ. ಮಂತ್ರಿ ಬೆವರು ಒರೆಸಿಕೊಳ್ಳುತ್ತ ಇಳಿದರು. ಇನ್ನೊಬ್ಬರಾಗಿದ್ದರೆ ಕೈಮುಗಿದು ಕ್ಷಮೆ ಕೇಳುತ್ತಿದ್ದರು. ಬ್ರೇಕಮ್ಮ ಅವರನ್ನು ರಸ್ತೆಯ ಅಂಚಿಗೆ ಕರೆದೊಯ್ದು, ಯಾವ ದೀಪ ಎಲ್ಲಿ ಬರಬೇಕು, ಕೆಂಪು ಎಷ್ಟು ಹೊತ್ತು, ಹಸಿರು ಎಷ್ಟು ಹೊತ್ತು ಎಂದು ಪಾಠ ಮಾಡಿದರು. ಮಂತ್ರಿ ತಲೆಯಾಡಿಸಿ ಹೋದರು, ದೀಪ ಬರಲಿಲ್ಲ. ‘ಹಾಗಾದ್ರೆ ನಾನೇ ಹೋಗಿ ಹಾಕಿಸ್ತೀನಿ’ ಎಂದು ಇವರು ಚುನಾವಣೆಗೆ ನಿಂತೇಬಿಟ್ಟರು.

ಮೊದಲ ಸಲ ಸೋತರು, ಅದೂ ಸರಿಯಾಗಿಯೇ ಸೋತರು. ಮತ ಕೇಳಲು ಹೋದ ಮನೆಯ ಮುಂದೆಲ್ಲ ಶಿಷ್ಯರ ಗಾಡಿಗಳು ನಿಂತಿರುತ್ತಿದ್ದವು. ಅವನ್ನು ನೋಡಿದರೆ ಇವರ ಬಾಯಿ ಸುಮ್ಮನಿರುತ್ತಿರಲಿಲ್ಲ. ‘ಹೀಗಾ ನಿಲ್ಸೋದು? ಇದನ್ನಾ ನಾನು ಹೇಳ್ಕೊಟ್ಟಿದ್ದು?’ ಎಂದು ಬಾಗಿಲಲ್ಲೇ ಶುರುಮಾಡಿ, ಮತ ಕೇಳುವುದನ್ನೇ ಮರೆತು ಬರುತ್ತಿದ್ದರು. ಎರಡನೆಯ ಸಲ ಮೇಷ್ಟ್ರು ಮಗಳನ್ನು ಕೂರಿಸಿ, ‘ಜನರ ಮುಂದೆ ನಿಂತಾಗ ಪಕ್ಕದ ಸೀಟಲ್ಲಿದ್ದೀನಿ ಅಂದ್ಕೋ. ತುಳೀಬೇಡ’ ಎಂದರು. ಬ್ರೇಕಮ್ಮ ತುಟಿ ಕಚ್ಚಿಕೊಂಡು ಊರೆಲ್ಲ ಸುತ್ತಿದರು, ಗೆದ್ದರು. ಆಸ್ಪತ್ರೆಯ ಮುಂದೆ ದೀಪ ಬಂತು.

ವಿಧಾನಸಭೆಯಲ್ಲಿ ಮಾತ್ರ ಹಳೆಯ ಚಾಳಿ ಮರಳಿತು. ಯಾರಾದರೂ ಮಾತಿನ ಭರದಲ್ಲಿ ಅಂಕೆ ಮೀರಿ ಓಡಿದರೆ ಇವರ ಬಲಗಾಲು ತಾನಾಗಿಯೇ ನೆಲಕ್ಕೆ ಧಪ್ಪೆಂದು ಬಡಿಯುತ್ತಿತ್ತು, ಹಿಂದೆಯೇ ಬಾಯಿಯೂ. ಒಮ್ಮೆ ಸಭಾಧ್ಯಕ್ಷರು ನಗುತ್ತ, ‘ಮಾನ್ಯ ಸದಸ್ಯರೇ, ಈ ಸದನದಲ್ಲಿ ಬ್ರೇಕ್ ನನ್ನ ಹತ್ತಿರ ಇದೆ’ ಎಂದದ್ದು ಮರುದಿನ ಪತ್ರಿಕೆಯಲ್ಲಿ ಬಂತು. ಬ್ರೇಕಮ್ಮ ಅದನ್ನು ಕತ್ತರಿಸಿ ಗೋಡೆಗೆ ಅಂಟಿಸಿದ್ದಾರೆ.

ಇಷ್ಟೆಲ್ಲ ಆಗುವಾಗ ಸ್ಕೂಲ್ ಬಡವಾಯಿತು. ಮೇಷ್ಟ್ರ ಕಣ್ಣಿಗೆ ಪೊರೆ ಬಂದು ಅವರು ಕಲಿಸುವುದನ್ನು ಬಿಟ್ಟಿದ್ದರು. ಬ್ರೇಕಮ್ಮನಿಗೆ ಪುರುಸೊತ್ತಿಲ್ಲ. ನೀಲಿ ಕಾರು ಷೆಡ್ಡಿನಲ್ಲಿ ದೂಳು ಹೊದ್ದು ಮಲಗಿತ್ತು. ಮುಂಗೋಣೆಯನ್ನು ಜನರನ್ನು ಭೇಟಿಯಾಗುವ ಕಚೇರಿ ಮಾಡಿಕೊಳ್ಳುವುದು, ಬೋರ್ಡು ಇಳಿಸಿಬಿಡುವುದು ಎಂದು ಬ್ರೇಕಮ್ಮ ತೀರ್ಮಾನಿಸಿದರು. ಅಡ್ಡ ನಿಂತವಳು ಬ್ರೇಕಮ್ಮನ ಮಗಳು. ತಾತನ ಕಣ್ಣು ಚೆನ್ನಾಗಿದ್ದಾಗಲೇ ಅವರ ಹತ್ತಿರ ಕಾರು ಕಲಿತು, ಲೈಸೆನ್ಸ್ ಪಡೆದು, ಕಲಿಸುವುದಕ್ಕೆ ಬೇಕಾದ ತರಬೇತಿಯನ್ನೂ ಮುಗಿಸಿ ಕೂತಿದ್ದಳು. ಅವಳಿಗೆ ಬೇರೆ ಕೆಲಸ ಬೇಕಿರಲಿಲ್ಲ. ಆ ಮೇಜು, ಆ ಆಟದ ಕಾರುಗಳು, ಆ ಡ್ರಮ್ಮುಗಳೇ ಬೇಕಿತ್ತು.

‘ಸ್ಕೂಲ್ ನಂಗೆ ಕೊಡಮ್ಮ. ನಾನು ನಡೆಸ್ತೀನಿ.’

‘ನಿಂಗಿನ್ನೂ ಅನುಭವ ಸಾಲದು ಕಣೆ.’

‘ನೀನು ನನ್ನ ಪಕ್ಕ ಕೂತೇ ಇಲ್ಲ. ನಿಂಗೆ ಹೇಗೆ ಗೊತ್ತು?’

ಮಾತು ಬೆಳೆಯಿತು. ಊಟದ ಮೇಜಿನಲ್ಲಿ ಔಷಧಿ ಅಂಗಡಿಯವರು ತಟ್ಟೆಯಿಂದ ತಲೆ ಎತ್ತಲಿಲ್ಲ, ಅನುಭವಸ್ಥರು. ಕೊನೆಗೆ ಬ್ರೇಕಮ್ಮ, ‘ಸರಿ. ನಾಳೆ ನೀಲಿ ಕಾರಲ್ಲಿ ನನ್ನನ್ನ ವಿಧಾನಸಭೆಗೆ ಕರ್ಕೊಂಡು ಹೋಗಿ ಬಾ. ನಾನು ಒಂದು ಸಲವೂ ಬ್ರೇಕ್ ಹಾಕದೆ ಮನೆ ಸೇರಿದ್ರೆ ಸ್ಕೂಲ್ ನಿಂದು. ಹಾಕಿದ್ರೆ ಬೋರ್ಡು ಇಳೀತು. ಆಮೇಲೆ ಅಳೋ ಹಾಗಿಲ್ಲ’ ಎಂದರು. ಮಗಳು ಒಪ್ಪಿದಳು. ಒಪ್ಪಿದವಳು ತಟ್ಟೆ ಎತ್ತಿಕೊಂಡು ಎದ್ದಳು. ಅಮ್ಮನ ಪಕ್ಕ ಕೂತು ಬ್ರೇಕ್ ಬೀಳದೆ ಬಂದವರು ಆ ಊರಿನಲ್ಲಿ ಒಬ್ಬರೂ ಇಲ್ಲವೆಂಬುದು ಅವಳಿಗೂ ಗೊತ್ತಿತ್ತು.

ಬೆಳಿಗ್ಗೆ ತಾಯಿ ಮಗಳು ಕೆಳಗೆ ಇಳಿದಾಗ ಮೇಷ್ಟ್ರು ಕಾರಿನ ಪಕ್ಕದ ಸೀಟಿನ ಕೆಳಗೆ ತಲೆ ತೂರಿಸಿದ್ದರು. ಕಾಲೆರಡು ಮಾತ್ರ ಹೊರಗಿದ್ದವು.

‘ಅಪ್ಪ, ಈ ವಯಸ್ಸಲ್ಲಿ ಇದೇನು?’

‘ಗ್ರೀಸ್ ಹಚ್ತಿದ್ದೆ ಕಣಮ್ಮ. ಬಹಳ ದಿನದಿಂದ ನಿಂತ ಗಾಡಿ.’

ಹೊರಟರು. ಬ್ರೇಕಮ್ಮ ಮೊದಲು ಕೈಕಟ್ಟಿ, ಕಾಲನ್ನು ಸೀಟಿನ ಕೆಳಗೆ ಎಳೆದುಕೊಂಡು, ಹೊರಗಿನ ಅಂಗಡಿಗಳನ್ನು ನೋಡುತ್ತ ಕೂತರು. ಆ ನಿರ್ಧಾರ ಮಾರುಕಟ್ಟೆಯವರೆಗೂ ನಡೆಯಿತು. ಅಲ್ಲಿ ಬಾಳೆಹಣ್ಣಿನ ಗಾಡಿಯೊಂದು ರಸ್ತೆಗೆ ಇಣುಕಿತು. ಇವರ ಕಾಲು ಹೋಗಿ ಬ್ರೇಕ್ ಮೇಲೆ ಕೂತಿತು. ಬ್ರೇಕು ‘ಕಿರ್’ ಎಂದಿತು. ಕಾರು ಮೆಲ್ಲಗಾಗಿ, ಗಾಡಿಯನ್ನು ಬಳಸಿ ಮುಂದೆ ಹೋಯಿತು. ಮಗಳ ಮುಖ ಬಾಡಿತು.

‘ಹಾಕ್ದೆ’ ಎಂದರು ಬ್ರೇಕಮ್ಮ, ತಪ್ಪು ಮಾಡಿದವರ ದನಿಯಲ್ಲಿ.

‘ಗೊತ್ತಾಯ್ತು.’

ಮುರಿದ ವ್ರತಕ್ಕೆ ಮತ್ತೆಂಥ ನೇಮ? ಆಮೇಲೆ ಅವರ ಕಾಲಿಗೆ ಲಂಗುಲಗಾಮು ಇರಲಿಲ್ಲ. ಸೇತುವೆ ಇಳಿಯುವಾಗ ಕಿರ್. ಬಸ್ಸಿನ ಹಿಂದೆ ಕಿರ್ ಕಿರ್. ಕೆಲವು ಕಡೆ ತುಳಿದರೂ ಕಾರು ಅಷ್ಟಾಗಿ ನಿಲ್ಲಲಿಲ್ಲ. ‘ಬ್ರೇಕ್ ಸಡಿಲ ಆಗಿದೆ, ಅಪ್ಪಂಗೆ ಹೇಳ್ಬೇಕು’ ಎಂದುಕೊಂಡರು. ರಾಜಧಾನಿಯ ಅಂಚಿನಲ್ಲಿ, ಮರದ ಡಿಪೋದಿಂದ ಲಾರಿಯೊಂದು ಹೇಳದೆ ಕೇಳದೆ ಹಿಂದಕ್ಕೆ ಬಂತು. ಬ್ರೇಕಮ್ಮ ಕಣ್ಣು ಮುಚ್ಚಿ ದೇಹದ ಭಾರವನ್ನೆಲ್ಲ ಕಾಲಿಗೆ ಬಿಟ್ಟರು. ಕಣ್ಣು ಬಿಟ್ಟಾಗ ಕಾರು ನಿಂತಿತ್ತು. ಲಾರಿಯ ಹಿಂಬದಿ ಕೈಗೆ ಎಟುಕುವಷ್ಟು ಹತ್ತಿರದಲ್ಲಿತ್ತು. ಮಗಳು ಸ್ಟಿಯರಿಂಗ್ ಹಿಡಿದ ಕೈ ಸಡಿಲಿಸಲಿಲ್ಲ. ಕಣ್ಣಲ್ಲಿ ನೀರು ಆಡುತ್ತಿತ್ತು.

ಆ ದಿನ ಸದನದಲ್ಲಿ ಬ್ರೇಕಮ್ಮ ಯಾರ ಮಾತಿಗೂ ಅಡ್ಡ ಬರಲಿಲ್ಲ. ಮೈ ಸರಿಯಿಲ್ಲವೇ ಎಂದು ಸಭಾಧ್ಯಕ್ಷರೇ ಚೀಟಿ ಕಳಿಸಿ ವಿಚಾರಿಸಿದರು. ಇವರ ತಲೆಯಲ್ಲಿ ಓಡುತ್ತಿದ್ದದ್ದು ಒಂದೇ. ಹುಡುಗಿ ಚೆನ್ನಾಗಿಯೇ ಓಡಿಸಿದಳು. ಆದರೂ ತಾನು ತುಳಿದೆ. ಕೊಟ್ಟ ಮಾತನ್ನು ನುಂಗುವ ಹಾಗಿಲ್ಲ, ಬೋರ್ಡು ಇಳಿಸಿದರೆ ಅವಳ ಮುಖ ನೋಡುವ ಹಾಗಿಲ್ಲ.

ಸಂಜೆ ಬೆಳಕಿರುವಾಗಲೇ ಮನೆ ಸೇರಿದರು. ಮೇಷ್ಟ್ರು ಅಂಗಳದಲ್ಲಿ ಡ್ರಮ್ಮಿನ ಮೇಲೆ ಕೂತು ಕಾಯುತ್ತಿದ್ದರು. ಮಗಳು ಕೀಲಿಯನ್ನು ತಾತನ ಕೈಗೆ ಹಾಕಿ, ‘ಮುಗೀತು ತಾತ. ಬಾಳೆಹಣ್ಣಿನ ಗಾಡಿ ಹತ್ರಾನೇ ಮುಗೀತು. ನಾನೂ ತುಳಿದೆ, ಆದ್ರೆ ಅಮ್ಮ ಬ್ರೇಕ್ ಹಾಕದೆ ಇದ್ದಿದ್ರೆ ಲಾರಿಗೂ ಗುದ್ತಿದ್ದೆ’ ಎಂದಳು.

‘ನಿಮ್ಮಮ್ಮ ಎಲ್ಲಿ ಬ್ರೇಕ್ ಹಾಕಿದ್ಲು?’

‘ಅಪ್ಪ, ಸುಳ್ಳು ಹೇಳಲಾ? ದಾರಿಯುದ್ದಕ್ಕೂ ತುಳಿದಿದ್ದೀನಿ’ ಎಂದರು ಬ್ರೇಕಮ್ಮ.

‘ತುಳಿದಿರ್ತೀಯ. ಬಗ್ಗಿ ನೋಡು.’

ಬ್ರೇಕಮ್ಮ ಸೆರಗು ಸಿಕ್ಕಿಸಿ ಬಗ್ಗಿದರು. ಪಕ್ಕದ ಬ್ರೇಕನ್ನು ಡ್ರೈವರ್ ಬ್ರೇಕಿಗೆ ಸೇರಿಸುವ ಕಬ್ಬಿಣದ ಸಲಾಕೆ ಅಲ್ಲಿರಲಿಲ್ಲ. ಆ ಜಾಗದಲ್ಲಿ, ಹಳೆಯ ಸೀಟಿನದಿರಬೇಕು, ದಪ್ಪನೆಯ ಸ್ಪ್ರಿಂಗ್ ಒಂದನ್ನು ಸಿಕ್ಕಿಸಲಾಗಿತ್ತು. ಬೆಳಗಿನಿಂದ ಸಂಜೆಯವರೆಗೆ ಅವರು ತುಳಿದದ್ದು ಆ ಸ್ಪ್ರಿಂಗನ್ನು.

‘ಹಾಗಾದ್ರೆ ಲಾರಿ ಹತ್ರ ನಿಲ್ಸಿದ್ದು...’ ಎಂದಳು ಮಗಳು.

‘ನೀನೇ. ಇನ್ಯಾರು? ನಿಮ್ಮಮ್ಮನ ಶಕ್ತಿಗೆ ಆ ಸ್ಪ್ರಿಂಗ್ ಮುರೀದಿದ್ದದ್ದೇ ದೊಡ್ಡದು.’

ಹುಡುಗಿ ಕುಣಿದ ಕುಣಿತಕ್ಕೆ ಡ್ರಮ್ಮೊಂದು ಉರುಳಿತು. ಬ್ರೇಕಮ್ಮ ಸೊಂಟಕ್ಕೆ ಕೈಯಿಟ್ಟು, ‘ಇದು ಮೋಸ ಅಪ್ಪ. ಸದನದಲ್ಲಾಗಿದ್ರೆ ನಿಯಮ ಮುರಿದ್ರಿ ಅಂತ ಕ್ರಿಯಾಲೋಪ ಎತ್ತುತ್ತಿದ್ದೆ’ ಎಂದರು. ಎಂದವರಿಗೆ ನಗು ತಡೆಯಲಾಗಲಿಲ್ಲ. ಎದೆಯ ಮೇಲಿನ ಕಲ್ಲು ಇಳಿದಂತೆ ಹಗುರಾಗಿದ್ದರು. ಮತ್ತೊಮ್ಮೆ ಬಗ್ಗಿ ಸ್ಪ್ರಿಂಗನ್ನು ಮುಟ್ಟಿ ನೋಡಿದರು. ಬೆರಳಿಗೆ ತುಕ್ಕು ಹತ್ತಿತು.

‘ಎಷ್ಟು ಹಳೇದು ಇದು! ಎಲ್ಲಿಟ್ಟಿದ್ರಿ?’

‘ಅದು ನಿಂದೇ’ ಎಂದರು ಮೇಷ್ಟ್ರು.

‘ನಂದಾ?’

‘ನಿಂಗೆ ಕಲಿಸುವಾಗ ಮಾಡಿಸಿದ್ದು. ಊರವರ ಮಕ್ಕಳ ಪಕ್ಕ ಕೂತ್ರೆ ನನ್ನ ಕಾಲು ನಾನು ಹೇಳಿದ ಹಾಗೆ ಕೇಳ್ತಿತ್ತು. ನಿನ್ನ ಪಕ್ಕ ಕೂತ್ರೆ ಕೇಳ್ತಿರಲಿಲ್ಲ. ಅದಕ್ಕೆ ದಿನಾ ನೀನು ಬರೋ ಮುಂಚೆ ಸಲಾಕೆ ಬಿಚ್ಚಿ ಇದನ್ನ ಹಾಕಿಡ್ತಿದ್ದೆ. ನೀನು ಇಳಿದ ಮೇಲೆ ಮತ್ತೆ ಸಲಾಕೆ.’

ಬ್ರೇಕಮ್ಮ ಕಾರಿನ ಬಾಗಿಲು ಹಿಡಿದು ನಿಂತರು. ‘ಸೈಕಲ್ ಅಂಗಡಿಗೆ ಗುದ್ದಿದ ದಿನ? ಅವತ್ತೂ ನೀವು ಬ್ರೇಕ್ ಹಾಕ್ಲಿಲ್ಲ ಅಂತ ಊರೆಲ್ಲ ಹೇಳ್ಕೊಂಡು ಬಂದಿದ್ದೀನಲ್ಲಪ್ಪ...’

‘ಹಾಕ್ದೆ ಕಣೆ. ಎರಡು ಕಾಲಲ್ಲೂ ಹಾಕ್ದೆ. ಬೀಳ್ಬೇಕಲ್ಲ!’

ಈ ಸಲ ಗಂಟಲು ಕಟ್ಟಿದ್ದಕ್ಕೆ ಚಪ್ಪಾಳೆ ಹೊಡೆಯುವವರು ಯಾರೂ ಇರಲಿಲ್ಲ. ಬ್ರೇಕಮ್ಮ ಅಪ್ಪನ ಕೈಯಿಂದ ಕೀಲಿ ತೆಗೆದುಕೊಂಡು ಮಗಳ ಅಂಗೈಯಲ್ಲಿಟ್ಟು, ಬೆರಳುಗಳನ್ನು ತಾವೇ ಮಡಿಸಿದರು.

‘ನಾಳೆಯೂ ಸದನ ಇದೆ. ಹೊತ್ತಿಗೆ ಸರಿಯಾಗಿ ಹೊರಡ್ಬೇಕು ಮೇಷ್ಟ್ರಮ್ಮ.’

ಮೇಷ್ಟ್ರು ಡ್ರಮ್ಮಿನಿಂದ ಏಳುತ್ತ ಕೇಳಿದರು: ‘ಸಲಾಕೆ ಸಿಕ್ಕಿಸಿಡ್ಲಾ?’

‘ಬೇಡ ಅಪ್ಪ. ಕಲಿಯೋರು ಬಂದಾಗ ಅವಳು ಸಿಕ್ಕಿಸ್ಕೋತಾಳೆ’ ಎಂದರು ಬ್ರೇಕಮ್ಮ, ಬೆರಳಿನ ತುಕ್ಕನ್ನು ಸೆರಗಿಗೆ ಒರೆಸಿಕೊಳ್ಳುತ್ತ. ‘ನಾಳೆಗೆ ಸ್ಪ್ರಿಂಗೇ ಇರ್ಲಿ. ಸ್ವಲ್ಪ ಎಣ್ಣೆ ಬಿಡಿ, ತುಳಿದ್ರೆ ಕಿರ್ ಅನ್ನುತ್ತೆ.’