ಮೂರನೆಯ ರೀಲು

ಜಪಾನಿನ ನಿರ್ದೇಶಕರೊಬ್ಬರ ಚಿತ್ರ ತೋರಿಸುವ ಮೊದಲು ಅವರ ಬಗ್ಗೆ ಹತ್ತು ನಿಮಿಷ ಮಾತಾಡಬೇಕೆಂದು ಚಿತ್ರಸಮಾಜದ ಕಾರ್ಯದರ್ಶಿಗಳು ಕೇಳಿದಾಗ ನಾನು ಎಂ.ಎ. ಮುಗಿಸಿ ಮನೆಯಲ್ಲಿದ್ದೆ. ಒಪ್ಪಿಕೊಂಡದ್ದು ಅಪ್ಪನಿಗಾಗಿ. ಅಮ್ಮ ಹೋಗಿ ವರ್ಷ ತುಂಬಿದರೂ ಅವರು ಮನೆಯಿಂದ ಹೊರಗೆ ಹೋಗುತ್ತಿರಲಿಲ್ಲ. ಮಗಳ ಭಾಷಣವೆಂದರೆ ಬಂದಾರು ಎಂದುಕೊಂಡೆ.

ಪ್ರಿಂಟಿನ ಜೊತೆ ಬಂದ ಇಂಗ್ಲಿಷ್ ಪುಸ್ತಿಕೆಯಿಂದ ನಿರ್ದೇಶಕರ ಬದುಕನ್ನು ತಿಳಿದುಕೊಂಡೆ. ಚಾಪೆ ಹೆಣೆಯುವವರ ಮಗ. ಸ್ಟುಡಿಯೋದಲ್ಲಿ ಕ್ಯಾಮೆರಾ ಹೊತ್ತು ಕೆಲಸ ಕಲಿತವರು, ಯುದ್ಧಕ್ಕೆ ಹೋಗಿ ಬಂದವರು. ಮೊದಲು ಮಾಡಿದ್ದೆಲ್ಲ ಹಾಸ್ಯಚಿತ್ರಗಳು. ಹೆಂಡತಿ ತೀರಿಕೊಂಡ ಮೇಲೆ ಬಹಳ ಕಾಲ ಸುಮ್ಮನಿದ್ದು, ಆಮೇಲೆ ಈ ಚಿತ್ರಕ್ಕೆ ಕೈಹಾಕಿದರು. ಇದರಲ್ಲಿ ಹೆಂಡತಿ ನಡುವೆಯೇ ಸಾಯುತ್ತಾಳೆ. ಮುಂದೆ ಅವಳನ್ನು ತೋರಿಸುವುದೇ ಇಲ್ಲ, ನೆನಪಿನಲ್ಲೂ ಇಲ್ಲ, ಫೋಟೋದಲ್ಲೂ ಇಲ್ಲ. ಒಂದು ದೃಶ್ಯದಲ್ಲಾದರೂ ತನ್ನಿ ಎಂದು ಸ್ಟುಡಿಯೋದವರು ಪೀಡಿಸಿದಾಗ ಅಲ್ಲಿನ ಕೆಲಸವನ್ನೇ ಬಿಟ್ಟು, ಸ್ನೇಹಿತರ ಜೊತೆ ಸ್ವಂತ ಕಂಪನಿ ಮಾಡಿ ಚಿತ್ರ ಮುಗಿಸಿದರು.

ಕಥೆ ಮೊದಲೇ ಹೇಳಬಾರದೆಂದು ಈ ಜಗಳವನ್ನು ಭಾಷಣದಿಂದ ಬಿಟ್ಟೆ. ಬದುಕಿನ ಉಳಿದ ವಿವರಗಳನ್ನೆಲ್ಲ ಹೇಳಿ, ಚಿತ್ರದ ಬಗ್ಗೆ ಮಾತ್ರ "ಇವರು ನಮಗೆ ರೂಢಿಯಾದ ಹಾಗೆ ಕಥೆ ಹೇಳುವುದಿಲ್ಲ, ತಾಳ್ಮೆಯಿಂದ ನೋಡಿ" ಎಂದಷ್ಟೇ ಹೇಳಿದೆ.

ಜಯನಗರದ ಶಾಲೆಯೊಂದರ ಸಭಾಂಗಣ. ಭಾನುವಾರದ ಬಿಸಿಲಿಗೆ ಕಿಟಕಿಗಳಿಗೆಲ್ಲ ಕಂಬಳಿ ಕಟ್ಟಿದ್ದರು. ಅಪ್ಪ ಎರಡನೆಯ ಸಾಲಿನಲ್ಲಿದ್ದರು. ಎರಡನೆಯ ರೀಲು ಮುಗಿದು ಮತ್ತೆ ಕತ್ತಲಾದಾಗ ತೆರೆಯ ಮೇಲೆ ಆಗಲೇ ಹೆಂಡತಿಯ ಶವಸಂಸ್ಕಾರ. ಮೂರನೆಯದರ ಬದಲು ನಾಲ್ಕನೆಯದನ್ನು ಹಾಕಿಬಿಟ್ಟಿದ್ದರು. ಎದ್ದು ಕಾರ್ಯದರ್ಶಿಗಳ ಹತ್ತಿರ ಹೋದೆ.

"ಸಾರ್, ರೀಲು ತಪ್ಪಿದೆ."

"ತಪ್ಪಲ್ಲಮ್ಮ, ಅದು ಅವರ ಶೈಲಿ. ರೂಢಿ ಥರ ಇರಲ್ಲ ಅಂತ ನೀವೇ ಹೇಳಿದ್ರಲ್ಲ?"

"ಹಾಗಲ್ಲ ಸಾರ್..."

"ಭಾಷಣ ಆಗ್ಲೇ ಆಯ್ತಲ್ರೀ, ಕೂತ್ಕೊಳ್ರೀ!" ಎಂದು ಹಿಂದಿನಿಂದ ಯಾರೋ ಕೂಗಿದರು. ಸಭೆಯೆಲ್ಲ ನಕ್ಕಿತು. ಕುಳಿತುಬಿಟ್ಟೆ.

ನಾಲ್ಕನೆಯದು ಮುಗಿದ ಮೇಲೆ ಮೂರನೆಯದು ಬಂತು. ಮಣ್ಣಾದವಳು ಒಲೆಯ ಮುಂದೆ ಕೂತು ಮೀನು ಸುಡುತ್ತಾ ಗಂಡನನ್ನು ಬಯ್ಯುತ್ತಿದ್ದಳು. ಮೀನೆಂದರೆ ಮುಖ ತಿರುಗಿಸುವ ಅಪ್ಪ, ಮುಂದಿನ ಕುರ್ಚಿಯನ್ನು ಎರಡೂ ಕೈಯಲ್ಲಿ ಹಿಡಿದು ಬಾಗಿ ನೋಡುತ್ತಿದ್ದರು.

ಮನೆಗೆ ಬರುವ ದಾರಿಯುದ್ದಕ್ಕೂ ಅಪ್ಪ ಮಾತಾಡಿದರು.

"ಅವನೂ ಹೆಂಡ್ತಿ ಕಳ್ಕೊಂಡೋನು ಅಂದ್ಯಲ್ಲ, ಅದಕ್ಕೇ ಗೊತ್ತು ಅವನಿಗೆ. ಎಲ್ಲಾ ಮುಗಿಸಿ ಬಂದ್ರೂ ಅಡುಗೆಮನೇಲಿ ಅವಳು ಇದ್ದೇ ಇರ್ತಾಳೆ ಕಣಮ್ಮ. ಎಷ್ಟು ಚೆನ್ನಾಗಿ ತೋರಿಸ್ದ!"

"ಅಪ್ಪ, ಅದು..." ಎಂದೆ.

"ಏನಮ್ಮ?"

"ಏನಿಲ್ಲ."

ಮರುದಿನ ಅವರೇ ಕಾಗದ ತಂದಿಟ್ಟರು. "ಅವನಿಗೊಂದು ಪತ್ರ ಹಾಕ್ಬೇಕು. ನನ್ನ ಅಕ್ಷರ ಯಾರಿಗೂ ಓದಕ್ಕಾಗಲ್ಲ, ನೀನು ಇಂಗ್ಲಿಷಲ್ಲಿ ಬರಿ." ವಿಳಾಸ ಪುಸ್ತಿಕೆಯ ಹಿಂದೆಯೇ ಇತ್ತು. "ಹೋದವಳನ್ನ ಒಂದು ಗಳಿಗೆ ವಾಪಸ್ ತಂದು ಕೂರಿಸಿದ್ರಿ. ನಿಮಗೆ ನಮಸ್ಕಾರ" ಎಂದು ಹೇಳಿ ಬರೆಸಿದರು. ಯಾವುದನ್ನು ಮಾಡಲಾರೆನೆಂದು ಆ ಮನುಷ್ಯ ಕೆಲಸ ಬಿಟ್ಟಿದ್ದರೋ ಅದಕ್ಕೇ ಬೆಂಗಳೂರಿನಿಂದ ಕೃತಜ್ಞತೆ. ಬೇರೇನಾದರೂ ಬರೆಯೋಣವೆಂದರೆ ಅಪ್ಪನಿಗೆ ಇಂಗ್ಲಿಷ್ ಬರುತ್ತದೆ. ಕನ್ನಡಕ ಹಾಕಿಕೊಂಡು ಎರಡು ಸಲ ಓದಿ, ತಾವೇ ನಡೆದುಹೋಗಿ ಅಂಚೆಗೆ ಹಾಕಿದರು.

ಉತ್ತರ ಬಂದರೆ ಮೊದಲು ನನ್ನ ಕೈಗೆ ಸಿಗಬೇಕೆಂದು ದಿನವೂ ಟಪಾಲಿನ ಹೊತ್ತಿಗೆ ಬಾಗಿಲಿಗೆ ಬರುತ್ತೇನೆ. ಅಷ್ಟರಲ್ಲಿ ಅಪ್ಪ ಬೀದಿಯ ತಿರುವಿನವರೆಗೆ ಹೋಗಿ, ಅಂಚೆಯವರೊಂದಿಗೆ ಮಾತಾಡುತ್ತಾ ನಿಂತಿರುತ್ತಾರೆ.